ಕಿರು ಆಟದ ಪೆಟ್ಟಿಗೆಗೆ ಹೊಸ ಆಟ: ದಾರಿಗಳ ಒಂದು ವಿಮರ್ಶೆ

ಸಿಗಂದೂರಿನ ಸೀಮೆಯವರಿಗೆ ‘ದಾಟುವುದು’ ಎಂದರೆ ಏನೆಂದು ಬಿಡಿಸಿ ಹೇಳಬೇಕಾಗಿಲ್ಲ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿಯ ಹಿನ್ನೀರು ಹರಡಿದ ಮೇಲೆ ನಾವು ದಶಕಗಳ ಕಾಲ ಹೊಳೆಬಾಗಿಲಿನ ಲಾಂಚನ್ನೇ ನೆಚ್ಚಿಕೊಂಡು ಬದುಕಿದವರು. ಲಾಂಚ್ ಇದ್ದರೆ ಪೇಟೆ, ಇಲ್ಲದಿದ್ದರೆ ಹೊಸನಗರದ ಕಡೆಯಿಂದ ಸುತ್ತು ದಾರಿ. 2025ರ ಜುಲೈ 14ರಂದು ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ಉದ್ಘಾಟನೆಯಾಯಿತು. ಮರು ತಿಂಗಳೇ ಅಮೆರಿಕದಲ್ಲಿರುವ ನನ್ನ ತಂಗಿಯ ಸಂಸಾರ ಮೊದಲ ಬಾರಿಗೆ ಕಾಯದೆ, ಕೂಗದೆ, ಕಾರಿನಲ್ಲೇ ನಮ್ಮ ಮನೆಯ ಅಂಗಳಕ್ಕೆ ಬಂದಿಳಿಯಿತು.

ತಂಗಿಯ ಮಗನ ಚೀಲದಲ್ಲಿ ಅಂಗೈಯಗಲದ ಬೂದು ಬಣ್ಣದ ಪೆಟ್ಟಿಗೆಯೊಂದಿತ್ತು. ನಿಂಟೆಂಡೊ ಕಂಪನಿಯ ‘ಎನ್‌ಇಎಸ್ ಕ್ಲಾಸಿಕ್ ಎಡಿಷನ್’. 1980ರ ದಶಕದ ಆಟದ ಯಂತ್ರದ ಕಿರು ಪ್ರತಿಕೃತಿ. 2016ರ ನವೆಂಬರ್‌ನಲ್ಲಿ ಬಂದು, 2017ರ ಏಪ್ರಿಲ್‌ನಲ್ಲಿ ತಯಾರಿಕೆ ನಿಂತು, ಜನ ಗೋಗರೆದ ಮೇಲೆ 2018ರ ಜೂನ್‌ನಲ್ಲಿ ಮತ್ತೆ ಮಾರುಕಟ್ಟೆಗೆ ಬಂದದ್ದು. ಒಳಗೆ 30 ಆಟಗಳಿವೆ. 31ನೆಯದನ್ನು ಹಾಕಲು ಪೆಟ್ಟಿಗೆಗೆ ಕಿಂಡಿಯಿಲ್ಲ. ಮೇಲಿನ ಮುಚ್ಚಳ ತೆರೆಯುವುದೇ ಇಲ್ಲ, ಅದು ಬರೀ ಅಚ್ಚು.

“ಮಾವ, ಇದಕ್ಕೆ ಇನ್ನೊಂದೇ ಒಂದು ಆಟ ಹಾಕಕ್ಕೆ ಬರುತ್ತಾ?” ಎಂದು ಹುಡುಗ ಕೇಳಿದ. ಅವನಿಗೆ ಬೇಕಾಗಿದ್ದುದು ‘ಮೈಕ್ರೋ ಮೇಜಸ್’. ಹಳೆಯ ಎನ್‌ಇಎಸ್ ಯಂತ್ರಕ್ಕೆಂದೇ ಮಾರ್ಫ್‌ಕ್ಯಾಟ್ ಗೇಮ್ಸ್‌ನವರು 2019ರಲ್ಲಿ ಹೊರತಂದ ಹೊಸ ಆಟ. ಅವನಪ್ಪ ದುಡ್ಡು ಕೊಟ್ಟು ಕೊಂಡ ಕಡತ ಲ್ಯಾಪ್‌ಟಾಪ್‌ನಲ್ಲಿ ಇತ್ತು. ಅದರ ಗಾತ್ರ ಕೇವಲ 40 ಕಿಲೋಬೈಟ್. ಮೊಬೈಲಿನಲ್ಲಿ ಓಡಾಡುವ ಮದುವೆ ಕರೆಯೋಲೆಯ ಚಿತ್ರವೂ ಇದಕ್ಕಿಂತ ದೊಡ್ಡದು. ಆ 40 ಕಿಲೋಬೈಟನ್ನು ಪೆಟ್ಟಿಗೆಯೊಳಗೆ ಸೇರಿಸಲು ನಮಗೆ ಮೂರು ಸಂಜೆ ಹಿಡಿಯಿತು. ಏಕೆ ಹಿಡಿಯಿತು ಎಂಬುದೇ ಈ ಲೇಖನದ ವಿಷಯ.

ಇಂತಹ ಕಿರು ಪೆಟ್ಟಿಗೆಗಳಿಗೆ ಆಟ ಸೇರಿಸುವ ದಾರಿಗಳು ಹಲವು. ಅವನ್ನು ಹೊಗಳುವ, ‘ಹತ್ತೇ ನಿಮಿಷದಲ್ಲಿ’ ಎಂದು ಆಸೆ ಹುಟ್ಟಿಸುವ ಕೈಪಿಡಿಗಳೂ ಹಲವು. ಆದರೆ ಅವನ್ನು ತಂತ್ರಜ್ಞಾನದ ದೃಷ್ಟಿಯಿಂದ ತೂಗಿ ನೋಡಿದ್ದು ಕಡಿಮೆ. ನಾನು ಮೂರು ಅಳತೆಗೋಲುಗಳನ್ನು ಇಟ್ಟುಕೊಂಡಿದ್ದೇನೆ. ಮೊದಲನೆಯದು, ಆ ದಾರಿ ಯಾವುದೇ ಕಾರ್ಯಾಚರಣ ವ್ಯವಸ್ಥೆಯಿಂದ ಸಾಧ್ಯವೇ? ಎರಡನೆಯದು, ಎಡವಿದರೆ ಹಿಂದಕ್ಕೆ ಬರಬಹುದೇ? ಮೂರನೆಯದು, ಮಾಡುವವನಿಗೆ ತಾನು ಏನು ಮಾಡುತ್ತಿದ್ದೇನೆಂಬುದು ತಿಳಿಯುತ್ತದೆಯೇ?

ಪೆಟ್ಟಿಗೆಯೊಳಗೆ ಏನಿದೆ?

ಮೂಲ ಎನ್‌ಇಎಸ್ ಯಂತ್ರದ ಸಂಸ್ಕಾರಕ 1.79 ಮೆಗಾಹರ್ಟ್ಸ್ ವೇಗದ್ದು. ಅದರ ಕೆಲಸದ ಸ್ಮೃತಿ ಬರೀ 2 ಕಿಲೋಬೈಟ್. ಕಿರು ಪ್ರತಿಕೃತಿಯೊಳಗೆ ಆ ಹಳೆಯ ಬಿಡಿಭಾಗಗಳು ಯಾವುವೂ ಇಲ್ಲ. ಅಲ್ಲಿರುವುದು ಆಲ್‌ವಿನ್ನರ್ ಕಂಪನಿಯ ಆರ್16 ಎಂಬ ಚಿಪ್, ಅದರಲ್ಲಿ ನಾಲ್ಕು ಆರ್ಮ್ ಕಾರ್ಟೆಕ್ಸ್-ಎ7 ಸಂಸ್ಕಾರಕಗಳು. ಜೊತೆಗೆ 256 ಮೆಗಾಬೈಟ್ ಕೆಲಸದ ಸ್ಮೃತಿ, 512 ಮೆಗಾಬೈಟ್ ನ್ಯಾಂಡ್ ಫ್ಲ್ಯಾಶ್ ಸಂಗ್ರಹ. ಕೆಲಸದ ಸ್ಮೃತಿಯನ್ನೇ ಹೋಲಿಸಿದರೆ ಮೂಲಕ್ಕಿಂತ ಒಂದು ಲಕ್ಷ ಮೂವತ್ತೊಂದು ಸಾವಿರ ಪಟ್ಟು ಹೆಚ್ಚು. ಇದರ ಮೇಲೆ ಓಡುತ್ತಿರುವುದು ಲಿನಕ್ಸ್. ಆ ಲಿನಕ್ಸಿನ ಮೇಲೆ, ಹಳೆಯ ಯಂತ್ರದಂತೆ ನಟಿಸುವ ಎಮ್ಯುಲೇಟರ್ ತಂತ್ರಾಂಶ. ಎನ್‌ಇಎಸ್ ಕ್ಲಾಸಿಕ್‌ನಲ್ಲಿರುವ ಎಮ್ಯುಲೇಟರಿನ ಹೆಸರು ‘ಕಾಚಿಕಾಚಿ’. ನಿಂಟೆಂಡೊದ ಯೂರೋಪಿನ ಸಂಶೋಧನಾ ವಿಭಾಗ ಸಿದ್ಧಪಡಿಸಿದ್ದು. ಅಂದರೆ ಈ ಆಟಿಕೆ ವಾಸ್ತವವಾಗಿ ಒಂದು ಸಂಪೂರ್ಣ ಗಣಕಯಂತ್ರ.

ಇದರಲ್ಲಿ ಎಷ್ಟು ಜಾಗ ಖಾಲಿ ಉಳಿದಿದೆ ಎಂಬುದನ್ನು ಪೆಟ್ಟಿಗೆ ಬಿಚ್ಚದೆಯೇ ಅಂದಾಜು ಮಾಡಬಹುದು. ಒಳಗಿರುವ 30 ಆಟಗಳಲ್ಲಿ ದೊಡ್ಡದು ‘ಕರ್ಬೀಸ್ ಅಡ್ವೆಂಚರ್’, 768 ಕಿಲೋಬೈಟ್. ಎಲ್ಲವೂ ಅಷ್ಟೇ ದೊಡ್ಡವೆಂದು ಇಟ್ಟುಕೊಂಡರೂ 30 ಆಟಗಳಿಗೆ 22.5 ಮೆಗಾಬೈಟ್ ಸಾಕು. ಇದು 512ರಲ್ಲಿ ಶೇಕಡಾ ಐದಕ್ಕೂ ಕಡಿಮೆ. ‘ಸೂಪರ್ ಮಾರಿಯೊ ಬ್ರದರ್ಸ್’ನಂತಹ ಆಟಕ್ಕೆ ಬೇಕಾದ್ದು 40 ಕಿಲೋಬೈಟ್ ಮಾತ್ರ. ಬಳಸಲು ಸಿಗುವ ಜಾಗ ಸುಮಾರು 300 ಮೆಗಾಬೈಟ್ ಎಂದರೂ ಅಂತಹ ಏಳು ಸಾವಿರಕ್ಕೂ ಹೆಚ್ಚು ಆಟಗಳಿಗೆ ಸ್ಥಳವಿದೆ. ಜಾಗದ ಕೊರತೆಯಿಂದಲ್ಲ, ತೀರ್ಮಾನ ಮಾಡಿಯೇ ತಯಾರಕರು 30ಕ್ಕೆ ನಿಲ್ಲಿಸಿದ್ದಾರೆ ಎಂಬುದು ಇದರಿಂದ ಸ್ಪಷ್ಟ. ವ್ಯಾಪಾರದ ದೃಷ್ಟಿಯಿಂದ ಅದು ಅವರ ಹಕ್ಕು. ಆದರೆ ದುಡ್ಡು ಕೊಟ್ಟು ಕೊಂಡವನ ಹಕ್ಕು ಎಲ್ಲಿಂದ ಆರಂಭವಾಗುತ್ತದೆ ಎಂಬ ಪ್ರಶ್ನೆ ಉಳಿದುಕೊಳ್ಳುತ್ತದೆ.

ಅಳಿಸಲಾಗದ ಬಾಗಿಲು

ಮುಚ್ಚಿದ ಈ ಪೆಟ್ಟಿಗೆಗೆ ಒಂದು ಹಿಂಬಾಗಿಲು ಇದೆ. ಆಲ್‌ವಿನ್ನರ್ ಚಿಪ್‌ಗಳಲ್ಲಿ ‘ಫೆಲ್’ ಎಂಬ ಸ್ಥಿತಿಯೊಂದಿದೆ. ಕಾರ್ಖಾನೆಯಲ್ಲಿ ಮೊದಲ ಬಾರಿ ತಂತ್ರಾಂಶ ತುಂಬಲು ಮಾಡಿಕೊಂಡ ಏರ್ಪಾಡು. ರೀಸೆಟ್ ಗುಂಡಿಯನ್ನು ಒತ್ತಿ ಹಿಡಿದುಕೊಂಡು ಪವರ್ ಹಾಕಿದರೆ ಪೆಟ್ಟಿಗೆ ಫ್ಲ್ಯಾಶ್ ಸ್ಮೃತಿಯ ಕಡೆ ನೋಡುವುದೇ ಇಲ್ಲ. ಯುಎಸ್‌ಬಿ ತಂತಿಯ ಮೂಲಕ ಬರುವ ಆಜ್ಞೆಗಾಗಿ ಕಾಯುತ್ತದೆ. ಟಿವಿಯಲ್ಲಿ ಚಿತ್ರವಿಲ್ಲ, ದೀಪವಿಲ್ಲ. ಹೊರಗಿನಿಂದ ಸತ್ತಂತೆ ಕಂಡರೂ ಒಳಗೆ ಕಿವಿಗೊಟ್ಟು ಕುಳಿತಿರುತ್ತದೆ.

ಈ ಬಾಗಿಲಿನ ವಿಶೇಷವೆಂದರೆ ಅದರ ಸಂಕೇತ ಇರುವುದು ಫ್ಲ್ಯಾಶ್‌ನಲ್ಲಿ ಅಲ್ಲ, ಚಿಪ್ ತಯಾರಿಸುವಾಗಲೇ ಸಿಲಿಕಾನ್‌ನಲ್ಲಿ ಮೂಡಿಸಿದ ಓದು-ಮಾತ್ರ ಸ್ಮೃತಿಯಲ್ಲಿ. ಫ್ಲ್ಯಾಶ್‌ನಲ್ಲಿ ಮಾಹಿತಿ ಇರುವುದು ಅವಾಹಕದಿಂದ ಸುತ್ತುವರಿದ ಪುಟ್ಟ ಕೋಶಗಳಲ್ಲಿ ಸಿಕ್ಕಿಬಿದ್ದ ಎಲೆಕ್ಟ್ರಾನುಗಳ ರೂಪದಲ್ಲಿ; ವೋಲ್ಟೇಜ್ ಕೊಟ್ಟು ಅವನ್ನು ಹೊರದಬ್ಬಬಹುದು, ಮತ್ತೆ ತುಂಬಬಹುದು. ಓದು-ಮಾತ್ರ ಸ್ಮೃತಿಯಲ್ಲಿ ಮಾಹಿತಿ ಎಂದರೆ ತಂತಿಯ ಜೋಡಣೆಯೇ. ಅದನ್ನು ಯಾವ ತಂತ್ರಾಂಶವೂ ಅಳಿಸಲಾರದು. ಆದ್ದರಿಂದ ಫ್ಲ್ಯಾಶ್‌ನಲ್ಲಿರುವುದೆಲ್ಲ ಕೆಟ್ಟರೂ ಈ ಬಾಗಿಲು ತೆರೆದೇ ಇರುತ್ತದೆ. ಈ ಮಾತನ್ನು ಓದುಗರು ನೆನಪಿನಲ್ಲಿ ಇಟ್ಟುಕೊಳ್ಳಬೇಕು. ಮುಂದೆ ಇದೇ ನಮ್ಮನ್ನು ಕಾಪಾಡಿತು.

2017ರ ಆರಂಭದಲ್ಲಿ ರಷ್ಯನ್ ಭಾಷಿಕ ಹವ್ಯಾಸಿಗಳು ಈ ಬಾಗಿಲಿನ ಮೂಲಕ ಹೊಸ ಆಟ ಸೇರಿಸಿ ತೋರಿಸಿದರು. ‘ಮ್ಯಾಡ್‌ಮಂಕಿ’ ಎಂಬ ಅಡ್ಡಹೆಸರಿನವರು ‘ಹಕ್ಚಿ’ಯನ್ನು ಬರೆದರು; ‘ಕ್ಲಸ್ಟರ್’ ಎಂಬವರು ಅದಕ್ಕೆ ಗುಂಡಿ, ಪಟ್ಟಿಗಳಿರುವ ಸುಲಭ ಹೊರಮೈ ಕೊಟ್ಟು ‘ಹಕ್ಚಿ2’ ಮಾಡಿದರು. ಕೆಲಸದ ಕ್ರಮ ಹೀಗೆ: ಮೊದಲು ಫೆಲ್ ಮೂಲಕ ಒಂದು ಪುಟ್ಟ ಕಾರ್ಯಕ್ರಮ ಕಳುಹಿಸಿ ಪೆಟ್ಟಿಗೆಯ ಕೆಲಸದ ಸ್ಮೃತಿಯನ್ನು ಎಚ್ಚರಿಸುವುದು. ಅನಂತರ ಯಂತ್ರವನ್ನು ಚಾಲೂ ಮಾಡುವ ‘ಯು-ಬೂಟ್’ ತಂತ್ರಾಂಶವನ್ನು ಅಲ್ಲಿಗೆ ಏರಿಸುವುದು. ಅದರ ನೆರವಿನಿಂದ ಮೂಲ ಕರ್ನಲ್ಲನ್ನು, ಅಂದರೆ ಲಿನಕ್ಸಿನ ತಿರುಳನ್ನು, ಗಣಕಕ್ಕೆ ನಕಲು ಮಾಡಿಕೊಳ್ಳುವುದು. ಆಮೇಲೆ ಬದಲಾಯಿಸಿದ ಕರ್ನಲ್ ಬರೆಯುವುದು. ಕೊನೆಗೆ ಆಟಗಳನ್ನು ಕಳುಹಿಸುವುದು. ಮುಂದೆ 2017ರ ಸೆಪ್ಟೆಂಬರ್‌ನಲ್ಲಿ ಬಂದ 21 ಆಟಗಳ ‘ಎಸ್‌ಎನ್‌ಇಎಸ್ ಕ್ಲಾಸಿಕ್’ ಕೂಡ ಇದೇ ಯಂತ್ರಾಂಶದ್ದಾದ್ದರಿಂದ ಅದಕ್ಕೂ ಇದೇ ದಾರಿ ನಡೆಯಿತು.

ಮೂರು ವ್ಯವಸ್ಥೆ, ಮೂರು ಅನುಭವ

ಇದು ಬುದ್ಧಿವಂತಿಕೆಯ ಕೆಲಸ ಎಂಬುದರಲ್ಲಿ ಸಂಶಯವಿಲ್ಲ. ಆದರೆ ನನ್ನ ಮೊದಲನೆಯ ಅಳತೆಗೋಲಿಗೆ ಹಕ್ಚಿ2 ಅರ್ಧ ಮಾತ್ರ ನಿಲ್ಲುತ್ತದೆ. ಅದನ್ನು ಬರೆದದ್ದು ವಿಂಡೋಸ್‌ಗೆ, ಮೈಕ್ರೋಸಾಫ್ಟಿನ ಡಾಟ್‌ನೆಟ್ ಚೌಕಟ್ಟಿನಲ್ಲಿ. ವಿಂಡೋಸ್‌ನಲ್ಲಿ ಕೆಲಸ ಸರಾಗ: ಪೆಟ್ಟಿಗೆಯನ್ನು ಜೋಡಿಸಿದಾಗ ಯುಎಸ್‌ಬಿ ಡ್ರೈವರ್ ಹಾಕಿಕೊಳ್ಳಲು ಅದೇ ಕೇಳುತ್ತದೆ, ಒಪ್ಪಿದರೆ ಮುಂದುವರಿಯುತ್ತದೆ.

ಲಿನಕ್ಸ್‌ನಲ್ಲಿ ‘ಮೋನೊ’ ಎಂಬ ನಡುಪದರ ಹಾಕಿ ಅದೇ ತಂತ್ರಾಂಶವನ್ನು ಓಡಿಸಬೇಕು. ಸಾಮಾನ್ಯ ಬಳಕೆದಾರನಿಗೆ ಅಪರಿಚಿತ ಯುಎಸ್‌ಬಿ ಸಾಧನದೊಡನೆ ನೇರವಾಗಿ ಮಾತನಾಡಲು ಲಿನಕ್ಸ್ ಅನುಮತಿ ಕೊಡುವುದಿಲ್ಲ. ಅದಕ್ಕಾಗಿ ‘ಯುಡೆವ್’ ನಿಯಮವೊಂದನ್ನು ಬರೆದಿಡಬೇಕು. ಈ ನಿಯಮವಿಲ್ಲದೆ ‘ಪೆಟ್ಟಿಗೆ ಸಿಗಲಿಲ್ಲ’ ಎಂಬ ಉತ್ತರ ಬಂದಾಗ ಹೊಸಬರು ತಂತಿ ಕೆಟ್ಟಿದೆ ಎಂದುಕೊಳ್ಳುತ್ತಾರೆ. ಮೋನೊದ ಹೊಣೆಯನ್ನು ಮೈಕ್ರೋಸಾಫ್ಟ್ 2024ರಲ್ಲಿ ವೈನ್ ಬಳಗಕ್ಕೆ ಬಿಟ್ಟುಕೊಟ್ಟಿದೆ. ಇಂತಹ ಪದರಗಳ ಮೇಲೆ ನಿಂತ ದಾರಿ ಎಷ್ಟು ಕಾಲ ಬಾಳುತ್ತದೆ ಎಂಬುದು ದಾರಿ ಮಾಡಿದವರ ಕೈಯಲ್ಲೂ ಇರುವುದಿಲ್ಲ.

ಮ್ಯಾಕ್‌ನಲ್ಲಿ ಕಷ್ಟ ಇನ್ನೂ ಹೆಚ್ಚು. ಹಕ್ಚಿಯ ಹೊಸ ಆವೃತ್ತಿಗಳು ಆಟ ಕಳುಹಿಸುವಾಗ ಯುಎಸ್‌ಬಿ ತಂತಿಯನ್ನೇ ಒಂದು ಜಾಲದಂತೆ ಬಳಸುತ್ತವೆ. ಅದಕ್ಕೆ ಆರಿಸಿಕೊಂಡ ನಿಯಮಾವಳಿ ಮೈಕ್ರೋಸಾಫ್ಟ್ ರೂಪಿಸಿದ ‘ಆರ್‌ಎನ್‌ಡಿಐಎಸ್’. ಇದು ವಿಂಡೋಸ್‌ನಲ್ಲೂ ಲಿನಕ್ಸ್ ಕರ್ನಲ್‌ನಲ್ಲೂ ಇದೆ, ಮ್ಯಾಕ್‌ನಲ್ಲಿ ಇಲ್ಲ. ಆದ್ದರಿಂದ ಮ್ಯಾಕ್ ಇರುವವರಿಗೆ ಕೈಪಿಡಿಗಳು ಕೊಡುವ ಸಲಹೆ, ‘ವರ್ಚುವಲ್ ಮಷೀನ್ ಹಾಕಿ, ಅದರೊಳಗೆ ವಿಂಡೋಸ್ ಓಡಿಸಿ’ ಎಂಬುದು. ಗಣಕದೊಳಗೊಂದು ಕಲ್ಪಿತ ಗಣಕ, ಅದರೊಳಗೆ ವಿಂಡೋಸ್, ಅದರೊಳಗೆ ಹಕ್ಚಿ. ಆರ್ಮ್ ಮಾದರಿಯ ಹೊಸ ಮ್ಯಾಕ್‌ಗಳಲ್ಲಿ ಇನ್ನೊಂದು ತೊಡಕು ಸೇರುತ್ತದೆ: ಅಲ್ಲಿ ಓಡುವುದು ಆರ್ಮ್ ವಿಂಡೋಸ್. ಇಂಟೆಲ್ ಮಾದರಿಯ ಸಾಮಾನ್ಯ ತಂತ್ರಾಂಶವನ್ನು ಅದು ಹೇಗೋ ಓಡಿಸುತ್ತದೆ. ಆದರೆ ಇಂಟೆಲ್ ಮಾದರಿಯ ಡ್ರೈವರುಗಳನ್ನು ಒಪ್ಪುವುದಿಲ್ಲ.

ಇಲ್ಲಿ ಒಂದು ಸೂಕ್ಷ್ಮವಿದೆ. ಫೆಲ್ ಸ್ಥಿತಿಯಲ್ಲಿರುವ ಪೆಟ್ಟಿಗೆ ಗಣಕಕ್ಕೆ ಒಂದು ಸಾಧನವಾಗಿ ಕಾಣುತ್ತದೆ. ಲಿನಕ್ಸ್ ಎಚ್ಚರವಾದ ಮೇಲೆ ಬೇರೆಯೇ ಸಾಧನವಾಗಿ ಕಾಣುತ್ತದೆ. ನಡುವೆ ಯುಎಸ್‌ಬಿ ಸಂಪರ್ಕ ಕಡಿದು ಮತ್ತೆ ಕೂಡುತ್ತದೆ. ಕಲ್ಪಿತ ಗಣಕಕ್ಕೆ ನಾವು ಒಪ್ಪಿಸಿದ್ದು ಮೊದಲನೆಯ ಸಾಧನವನ್ನು ಮಾತ್ರ. ಸಂಪರ್ಕ ಕಡಿದು ಕೂಡಿದಾಗ ಪೆಟ್ಟಿಗೆ ಹೊರಗಿನ ಗಣಕದ ಕೈಗೆ ಹೋಗುತ್ತದೆ, ಒಳಗಿನದು ಕಾಯುತ್ತಲೇ ಇರುತ್ತದೆ. ಎರಡೂ ರೂಪಗಳನ್ನು ಮುಂಚೆಯೇ ಒಪ್ಪಿಸಿಡಬೇಕು ಎಂಬ ಮಾತು ನಾವು ಓದಿದ ಕೈಪಿಡಿಯಲ್ಲಿ ಇರಲಿಲ್ಲ.

ಎರಡನೆಯ ಸಂಜೆ

ನಮಗೆ ಆದದ್ದು ಅದೇ. ಮೊದಲ ಸಂಜೆಯೆಲ್ಲ ಭಾವನ ಲ್ಯಾಪ್‌ಟಾಪ್‌ನಲ್ಲಿ ಕಲ್ಪಿತ ಗಣಕ ಸಿದ್ಧ ಮಾಡುವುದರಲ್ಲಿ ಕಳೆಯಿತು. ಎರಡನೆಯ ಸಂಜೆ ಮೂಲ ಕರ್ನಲ್ ನಕಲಾಯಿತು. ಬದಲಾಯಿಸಿದ ಕರ್ನಲ್ ಬರೆಯುವ ಹಂತದಲ್ಲಿ ಪರದೆಯ ಮೇಲೆ ‘ಸಾಧನದ ಸಂಪರ್ಕ ಕಡಿದಿದೆ’ ಎಂದು ಬಂತು. ಹೊರಗೆ ಆಶ್ಲೇಷಾ ಮಳೆ. ಆಗಲೇ ಕರೆಂಟು ಹೋಗಿ ಅರ್ಧ ಗಂಟೆಯಾಗಿತ್ತು. ಕರೆಂಟಿಗೂ ಇದಕ್ಕೂ ಸಂಬಂಧವಿರಲಿಲ್ಲ, ಏಕೆಂದರೆ ಪೆಟ್ಟಿಗೆಗೆ ಬೇಕಾದ 5 ವೋಲ್ಟ್ ಲ್ಯಾಪ್‌ಟಾಪಿನ ಬ್ಯಾಟರಿಯಿಂದಲೇ ಯುಎಸ್‌ಬಿ ತಂತಿಯಲ್ಲಿ ಬರುತ್ತಿತ್ತು. ಆದರೆ ಕತ್ತಲೆಯಲ್ಲಿ ಗಾಬರಿ ಬೇಗ ಹುಟ್ಟುತ್ತದೆ. ಒಂದು ನಿಮಿಷವೂ ಕಾಯದೆ ನಾವು ತಂತಿ ಕಿತ್ತೆವು. ಪೆಟ್ಟಿಗೆ ಆಗ ತನ್ನೊಳಗೆ ಬರೆದುಕೊಳ್ಳುತ್ತಿತ್ತು ಎಂಬುದು ಆಮೇಲೆ ತಿಳಿಯಿತು.

ಮತ್ತೆ ಪವರ್ ಹಾಕಿದರೆ ಚಿತ್ರವಿಲ್ಲ. 30 ಆಟಗಳೂ ಹೋದವು. ಹುಡುಗ ಅಳಲಿಲ್ಲ, ಪೆಟ್ಟಿಗೆಯನ್ನು ಎತ್ತಿಕೊಂಡು ಹೋಗಿ ತನ್ನ ಹಾಸಿಗೆಯ ಪಕ್ಕ ಇಟ್ಟುಕೊಂಡು ಮಲಗಿದ. ಅವನು ಅತ್ತಿದ್ದರೆ ನನಗೆ ಕಷ್ಟ ಕಡಿಮೆಯಾಗುತ್ತಿತ್ತು.

ತಪ್ಪು ನಮ್ಮದು. ಆದರೂ ಕೈಪಿಡಿಯ ಬಗ್ಗೆ ಒಂದು ಮಾತು ಹೇಳಲೇಬೇಕು. ಅದರಲ್ಲಿ 14 ಹಂತಗಳಿದ್ದವು, ಪ್ರತಿಯೊಂದಕ್ಕೂ ಚಿತ್ರವಿತ್ತು. ಯಾವ ಹಂತದಲ್ಲಿ ತಂತಿ ಕಿತ್ತರೆ ಏನೂ ಆಗುವುದಿಲ್ಲ, ಯಾವುದರಲ್ಲಿ ಕಿತ್ತರೆ ಪೆಟ್ಟಿಗೆ ಏಳುವುದಿಲ್ಲ ಎಂಬ ವ್ಯತ್ಯಾಸ ಮಾತ್ರ ಎಲ್ಲೂ ಇರಲಿಲ್ಲ. ಓದುವುದು, ಕೆಲಸದ ಸ್ಮೃತಿಗೆ ಏರಿಸುವುದು, ಇವು ಹಿಂದಕ್ಕೆ ಬರಬಹುದಾದ ಹಂತಗಳು. ಫ್ಲ್ಯಾಶ್‌ಗೆ ಬರೆಯುವುದು ಬೇರೆ ಜಾತಿಯದು. ಪ್ರಯೋಗಶಾಲೆಯಲ್ಲಿ ಆಮ್ಲಕ್ಕೆ ನೀರು ಹಾಕಬಾರದು, ನೀರಿಗೆ ಆಮ್ಲ ಹಾಕಬೇಕು ಎಂದು ಮೊದಲ ದಿನವೇ ಹೇಳುತ್ತೇವೆ. ಆ ಒಂದು ಮಾತು ಬಿಟ್ಟು ಉಳಿದೆಲ್ಲವನ್ನೂ ಬಣ್ಣದ ಚಿತ್ರದಲ್ಲಿ ತೋರಿಸಿದರೆ ಅದು ಪಾಠವಾಗುವುದಿಲ್ಲ.

ಮೂರನೆಯ ಸಂಜೆ ನನ್ನ ಹಳೆಯ ಲಿನಕ್ಸ್ ಲ್ಯಾಪ್‌ಟಾಪ್ ತೆಗೆದೆ. ‘ಸುನ್‌ಷಿ-ಫೆಲ್’ ಎಂಬ ಮುಕ್ತ ತಂತ್ರಾಂಶವೊಂದಿದೆ. ಅದು ಫೆಲ್ ಸ್ಥಿತಿಯ ಚಿಪ್‌ನೊಡನೆ ಮಾತನಾಡುವ ಪುಟ್ಟ ಉಪಕರಣ. ಲಿನಕ್ಸ್, ಮ್ಯಾಕ್, ವಿಂಡೋಸ್ ಮೂರರಲ್ಲೂ ಓಡುತ್ತದೆ. ರೀಸೆಟ್ ಒತ್ತಿ ಪವರ್ ಹಾಕಿ, ‘ನೀನು ಯಾರು’ ಎಂದು ಕೇಳುವ ಒಂದು ಸಾಲಿನ ಆಜ್ಞೆ ಕೊಟ್ಟೆ. ತಕ್ಷಣ ಉತ್ತರ ಬಂತು: 1667, ಎ33. ಆರ್16 ಎಂಬುದು ಎ33 ಚಿಪ್ಪಿನ ಒಡಹುಟ್ಟು; ಇಬ್ಬರೂ ಒಂದೇ ಗುರುತು ಹೇಳುತ್ತಾರೆ. ಪೆಟ್ಟಿಗೆ ಸತ್ತಿರಲಿಲ್ಲ. ಅಳಿಸಲಾಗದ ಬಾಗಿಲು ಅಳಿದಿರಲಿಲ್ಲ. ಹಿಂದಿನ ದಿನ ನಕಲು ಮಾಡಿಟ್ಟಿದ್ದ ಮೂಲ ಕರ್ನಲ್ಲನ್ನು ಕಲ್ಪಿತ ಗಣಕದೊಳಗಿನಿಂದ ಹೊರತೆಗೆದು, ಮೋನೊ ಮೂಲಕ ಹಕ್ಚಿ ತೆರೆದು ಮರಳಿ ಬರೆದೆವು. ಈ ಬಾರಿ ತಂತಿಯನ್ನು ಯಾರೂ ಮುಟ್ಟಲಿಲ್ಲ. 30 ಆಟಗಳ ಪಟ್ಟಿ ಟಿವಿಯ ಮೇಲೆ ಮೂಡಿದಾಗ ಒಲೆಯ ಮುಂದಿದ್ದ ತಂಗಿಯೂ ಎದ್ದು ಬಂದಳು. ಇನ್ನರ್ಧ ಗಂಟೆಯಲ್ಲಿ 31ನೆಯದೂ ಸೇರಿತು.

ಎರಡನೆಯ ಅಳತೆಗೋಲಿನಲ್ಲಿ, ಅಂದರೆ ಹಿಂದಕ್ಕೆ ಬರುವ ಅವಕಾಶದಲ್ಲಿ, ಈ ಪೆಟ್ಟಿಗೆಗೆ ಪೂರ್ಣ ಅಂಕ ಕೊಡುತ್ತೇನೆ. ಆ ಶ್ರೇಯ ಓದು-ಮಾತ್ರ ಸ್ಮೃತಿಯಲ್ಲಿ ಬಾಗಿಲಿಟ್ಟ ಚಿಪ್ ವಿನ್ಯಾಸಕ್ಕೂ, ಮೊದಲು ಮೂಲವನ್ನು ನಕಲು ಮಾಡಿಕೊಂಡೇ ಮುಂದೆ ಹೋಗುವ ಹಕ್ಚಿಯ ಕ್ರಮಕ್ಕೂ ಸಲ್ಲಬೇಕು.

ಬೇರೆ ಪೆಟ್ಟಿಗೆಗಳು, ಬೇರೆ ಬಾಗಿಲುಗಳು

ಹೋಲಿಕೆಗೆ ಇನ್ನೆರಡು ಪೆಟ್ಟಿಗೆಗಳನ್ನು ನೋಡೋಣ. ಸೋನಿಯ ‘ಪ್ಲೇಸ್ಟೇಷನ್ ಕ್ಲಾಸಿಕ್’ 2018ರ ಡಿಸೆಂಬರ್ 3ರಂದು ಬಂತು. 20 ಆಟಗಳು, 16 ಗಿಗಾಬೈಟ್ ಸಂಗ್ರಹ. ಒಳಗೆ ಓಡುವುದು ‘ಪಿಸಿಎಸ್‌ಎಕ್ಸ್ ರೀಆರ್ಮ್‌ಡ್’ ಎಂಬ ಮುಕ್ತ ಎಮ್ಯುಲೇಟರ್. ಹಿಂದೆ ಎಮ್ಯುಲೇಟರ್ ಮಾಡಿದವರ ಮೇಲೆ ನ್ಯಾಯಾಲಯಕ್ಕೆ ಹೋಗಿದ್ದ ಕಂಪನಿ ಕೊನೆಗೆ ಹವ್ಯಾಸಿಗಳ ಎಮ್ಯುಲೇಟರನ್ನೇ ಬಳಸಿದ್ದು ಇತಿಹಾಸದ ತಮಾಷೆ. ಅದು ಬಿಡುಗಡೆಯಾದ ಕೆಲವೇ ದಿನಗಳಲ್ಲಿ, ಹೊಸ ತಂತ್ರಾಂಶಕ್ಕೆ ಸಹಿ ಹಾಕುವ ಗುಪ್ತ ಕೀಲಿ ಪೆಟ್ಟಿಗೆಯೊಳಗೇ ಉಳಿದಿದೆಯೆಂದು ಹವ್ಯಾಸಿಗಳು ಕಂಡುಹಿಡಿದರು. ಮನೆಗೆ ಬೀಗ ಹಾಕಿ ಕೀಲಿಯನ್ನು ಬಾಗಿಲಲ್ಲೇ ಬಿಟ್ಟುಹೋದ ಹಾಗಾಯಿತು. ಪರಿಣಾಮವಾಗಿ ‘ಬ್ಲೀಮ್‌ಸಿಂಕ್’, ‘ಆಟೋಬ್ಲೀಮ್’ ಮುಂತಾದವು ಬಂದವು. ಇಲ್ಲಿ ಡ್ರೈವರ್ ಬೇಡ, ಕಲ್ಪಿತ ಗಣಕ ಬೇಡ. ಒಂದು ಪೆನ್‌ಡ್ರೈವ್ ಅನ್ನು ಫ್ಯಾಟ್32 ಕ್ರಮದಲ್ಲಿ ಸಿದ್ಧ ಮಾಡಿ, ಅದಕ್ಕೆ ‘ಸೋನಿ’ ಎಂದು ಇಂಗ್ಲಿಷ್ ದೊಡ್ಡಕ್ಷರಗಳಲ್ಲಿ ಹೆಸರಿಟ್ಟು, ಕಡತಗಳನ್ನು ಹಾಕಿ ಚುಚ್ಚಿದರೆ ಆಯಿತು.

ಫ್ಯಾಟ್32 ಅನ್ನು ಮೂರೂ ಕಾರ್ಯಾಚರಣ ವ್ಯವಸ್ಥೆಗಳು ಬಲ್ಲವು. ಆದ್ದರಿಂದ ಈ ದಾರಿಯಲ್ಲಿ ಯಾವ ಗಣಕ ಎಂಬ ಪ್ರಶ್ನೆಯೇ ಹೆಚ್ಚುಕಡಿಮೆ ಇಲ್ಲವಾಗುತ್ತದೆ. ಉಳಿಯುವುದು ಸಣ್ಣಪುಟ್ಟ ಮುಳ್ಳುಗಳು. ವಿಂಡೋಸ್‌ನ ಸಾಮಾನ್ಯ ಫಾರ್ಮ್ಯಾಟ್ ಕಿಟಕಿ ಬಹುಕಾಲ 32 ಗಿಗಾಬೈಟ್ ಮೀರಿದ ಪೆನ್‌ಡ್ರೈವ್‌ಗೆ ಫ್ಯಾಟ್32 ಆಯ್ಕೆಯನ್ನೇ ಕೊಡುತ್ತಿರಲಿಲ್ಲ. ಮ್ಯಾಕ್ ತನ್ನ ಲೆಕ್ಕಕ್ಕೆಂದು ಚುಕ್ಕಿಯಿಂದ ಆರಂಭವಾಗುವ ಹೆಸರಿನ ಮರಿಕಡತಗಳನ್ನು ಪೆನ್‌ಡ್ರೈವ್‌ನಲ್ಲಿ ಬಿಟ್ಟುಹೋಗುತ್ತದೆ. ಇವನ್ನು ಆಟವೆಂದು ತಿಳಿದು ತಂತ್ರಾಂಶ ತಡವರಿಸಬಹುದು, ಅಳಿಸಿಬಿಡುವುದು ಕ್ಷೇಮ. ಪೆಟ್ಟಿಗೆಯ ಮುಂಭಾಗದ ಕಿಂಡಿಗಳು ಆಟದ ಹಿಡಿಕೆಗಳಿಗೆಂದು ಮಾಡಿದವಾದ್ದರಿಂದ ಹೆಚ್ಚು ವಿದ್ಯುತ್ ಬೇಡುವ ಪೆನ್‌ಡ್ರೈವ್‌ಗಳು ಅಲ್ಲಿ ಏಳುವುದಿಲ್ಲ.

ಈ ಪೆಟ್ಟಿಗೆಯಲ್ಲಿ ಆಟ ಸೇರಿಸುವುದಕ್ಕೆ ಆಸೆಗಿಂತ ಗಟ್ಟಿಯಾದ ಕಾರಣವೂ ಇದೆ. 20ರಲ್ಲಿ 9 ಆಟಗಳನ್ನು, ‘ಟೆಕ್ಕನ್ 3’ ಸೇರಿದಂತೆ, ಯೂರೋಪಿನ ಪಾಲ್ ಆವೃತ್ತಿಯಲ್ಲಿ ಕೊಟ್ಟಿದ್ದಾರೆ. ನಮ್ಮ ದೂರದರ್ಶನವೂ ಪಾಲ್ ಕ್ರಮದ್ದೇ ಆಗಿತ್ತು: ಸೆಕೆಂಡಿಗೆ 50 ಬಾರಿ ಪರದೆ ತುಂಬುವ ಕ್ರಮ. ಅಮೆರಿಕ, ಜಪಾನುಗಳಲ್ಲಿ 60. ಆಟದ ಗಡಿಯಾರ ಪರದೆಯ ತುಂಬುವಿಕೆಗೆ ಕಟ್ಟುಬಿದ್ದಿದ್ದರೆ, 50 ಭಾಗಿಸು 60, ಅಂದರೆ 0.83. ಆಟ ಶೇಕಡಾ 17ರಷ್ಟು ನಿಧಾನ. ಜೊತೆಗೆ ಇಂದಿನ 60 ಹರ್ಟ್ಸ್ ಟಿವಿಯಲ್ಲಿ ತೋರಿಸುವಾಗ ಪ್ರತಿ ಐದು ಚಿತ್ರಗಳಲ್ಲಿ ಒಂದನ್ನು ಎರಡು ಬಾರಿ ತೋರಿಸಬೇಕಾಗುತ್ತದೆ. ಸೆಕೆಂಡಿಗೆ ಹತ್ತು ಬಾರಿ ಹೀಗಾದರೆ ಓಡುವ ಆಕೃತಿ ಜಗ್ಗಿ ಜಗ್ಗಿ ಓಡಿದಂತೆ ಕಾಣುತ್ತದೆ. ಇಂತಹ ಕಡೆ 60 ಹರ್ಟ್ಸ್ ಆವೃತ್ತಿಯನ್ನು ಸೇರಿಸಿಕೊಳ್ಳುವುದೆಂದರೆ ತಯಾರಕರು ಮಾಡಿದ ತಪ್ಪನ್ನು ತಿದ್ದಿಕೊಂಡ ಹಾಗೆ.

ಇನ್ನೊಂದು ಪೆಟ್ಟಿಗೆ, 2018ರ ಮಾರ್ಚ್‌ನಲ್ಲಿ ಯೂರೋಪಿನಲ್ಲಿ ಬಿಡುಗಡೆಯಾದ ‘ಸಿ64 ಮಿನಿ’. 1982ರ ಕಮೊಡೋರ್ 64 ಗಣಕದ ಕಿರುರೂಪ, 64 ಆಟಗಳು. ಇದರ ತಯಾರಕರು ಪೆನ್‌ಡ್ರೈವ್‌ನಿಂದ ಬೇರೆ ಆಟ ಹಾಕಿಕೊಳ್ಳಲು ತಾವೇ ಅವಕಾಶ ಕೊಟ್ಟರು. ಮೊದಲಿಗೆ ಅದು ತೊಡಕಾಗಿದ್ದರೂ ಮುಂದಿನ ತಂತ್ರಾಂಶ ಪರಿಷ್ಕರಣೆಯಲ್ಲಿ ಸುಲಭ ಮಾಡಿದರು. ಅದಕ್ಕಿಂತ ಮುಖ್ಯವಾದುದು, ಇದರಲ್ಲಿ ಬೇಸಿಕ್ ಭಾಷೆಯೂ ಇದೆ. ಕೀಲಿಮಣೆ ಜೋಡಿಸಿದರೆ ಹುಡುಗ ತನ್ನದೇ ಆಟ ಬರೆಯಬಹುದು. ಪೆಟ್ಟಿಗೆಯ ಮೇಲಿರುವ ಕೀಲಿಮಣೆ ಬರೀ ಅಚ್ಚು ಎಂಬ ದೂರು ನ್ಯಾಯವೇ. ಆದರೂ ಮೂರು ಅಳತೆಗೋಲುಗಳಿಗೂ ನಿಲ್ಲುವುದು ಇದೊಂದೇ: ಯಾವ ಗಣಕವಾದರೂ ಆಗುತ್ತದೆ, ಪೆನ್‌ಡ್ರೈವ್ ಕಿತ್ತರೆ ಪೆಟ್ಟಿಗೆ ಮೊದಲಿನಂತೆಯೇ ಇರುತ್ತದೆ, ಮಾಡಿದ್ದು ಏನೆಂಬುದು ಮಾಡಿದವನಿಗೆ ತಿಳಿದಿರುತ್ತದೆ.

ಎಣಿಕೆಯ ಮೋಹ

1990ರ ದಶಕದಲ್ಲಿ ನಮ್ಮ ಪೇಟೆಗಳಲ್ಲಿ ‘ಟಿವಿ ವಿಡಿಯೋಗೇಮ್’ ಎಂದು ಸಿಗುತ್ತಿದ್ದವು ಬಹುಮಟ್ಟಿಗೆ ಇದೇ ನಿಂಟೆಂಡೊ ಯಂತ್ರದ ತದ್ರೂಪುಗಳು. ಜೊತೆಗೆ ಬರುತ್ತಿದ್ದ ಕ್ಯಾಸೆಟ್ ಮೇಲೆ ‘9999 ಆಟಗಳು’ ಎಂದು ಬರೆದಿರುತ್ತಿತ್ತು. ಪಟ್ಟಿ ಓದುತ್ತಾ ಹೋದರೆ ಬೇರೆ ಬೇರೆ ಆಟಗಳು ಕೆಲವೇ; ಉಳಿದವು ಅವೇ ಆಟಗಳ ಬೇರೆ ಹಂತ, ಬೇರೆ ಬಣ್ಣ. ಇಂದಿನ ಕೈಪಿಡಿಗಳೂ ‘700 ಆಟ ತುಂಬಿಸಿ’ ಎನ್ನುವುದರಲ್ಲೇ ಸುಖ ಕಾಣುತ್ತವೆ. ಆ ಮೋಹ ಬದಲಾಗಿಲ್ಲ.

ಹೀಗೆ ತುಂಬಿಸುವ ಆಟಗಳು ಎಲ್ಲಿಂದ ಬರುತ್ತವೆ ಎಂಬುದನ್ನು ಕೈಪಿಡಿಗಳು ಹೇಳುವುದಿಲ್ಲ. ನಮ್ಮ ಕೃತಿಸ್ವಾಮ್ಯ ಅಧಿನಿಯಮ, 1957ರ 52ನೆಯ ಪ್ರಕರಣ, ತಂತ್ರಾಂಶದ ಪ್ರತಿಯನ್ನು ನ್ಯಾಯವಾಗಿ ಹೊಂದಿದವನು ನಷ್ಟವಾದೀತೆಂಬ ಎಚ್ಚರಿಕೆಗಾಗಿ ನಕಲು ಇಟ್ಟುಕೊಳ್ಳಲು ಅವಕಾಶ ಕೊಡುತ್ತದೆ. ಕೊಳ್ಳದೇ ಇದ್ದದ್ದನ್ನು ಎಲ್ಲಿಂದಲೋ ಇಳಿಸಿಕೊಳ್ಳುವುದಕ್ಕೆ ಅಲ್ಲ. 2012ರ ತಿದ್ದುಪಡಿಯಿಂದ ಬಂದ 65ಎ ಪ್ರಕರಣ, ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ತಾಂತ್ರಿಕ ರಕ್ಷಣೆಯನ್ನು ಮುರಿಯುವುದಕ್ಕೆ ಎರಡು ವರ್ಷದವರೆಗೆ ಸೆರೆವಾಸ ಮತ್ತು ದಂಡ ವಿಧಿಸುತ್ತದೆ. ಇಲ್ಲಿ ‘ಉದ್ದೇಶ’ ಎಂಬ ಪದವೇ ಮುಖ್ಯ. ಮೈಕ್ರೋ ಮೇಜಸ್‌ನಂತೆ ದುಡ್ಡು ಕೊಟ್ಟು ಪಡೆದ ಹೊಸ ಆಟಗಳಿವೆ. ಮಾಡಿದವರೇ ಉಚಿತವಾಗಿ ಹಂಚುವ ಆಟಗಳಿವೆ. ಒಂದು ಹೆಜ್ಜೆ ಮುಂದೆ ಹೋದರೆ, ‘ಸಿಸಿ65’ ಎಂಬ ಮುಕ್ತ ಸಾಧನದಿಂದ ಸಿ ಭಾಷೆಯಲ್ಲಿ ಎನ್‌ಇಎಸ್‌ಗೆ ನಾವೇ ಆಟ ಬರೆಯಬಹುದು. ಅದೂ ಮೂರೂ ವ್ಯವಸ್ಥೆಗಳಲ್ಲಿ ಓಡುತ್ತದೆ. 2 ಕಿಲೋಬೈಟ್ ಸ್ಮೃತಿಯಲ್ಲಿ ಒಂದು ಚೆಂಡನ್ನು ಪುಟಿಸಲು ಕಲಿತ ವಿದ್ಯಾರ್ಥಿಗೆ ಗಣಕ ವಿಜ್ಞಾನದ ತಳಹದಿ ಕೈಗೆ ಸಿಕ್ಕಿದ ಹಾಗೆ.

ಕೊನೆಯ ತೀರ್ಪು

ಹಕ್ಚಿ ಒಳ್ಳೆಯ ಲಾಂಚ್. ನಡೆಸುವವರು ನುರಿತವರು, ಸಾವಿರಾರು ಜನರನ್ನು ದಡ ಮುಟ್ಟಿಸಿದ್ದಾರೆ. ಆದರೆ ಲಾಂಚಿಗೆ ಒಂದೇ ಘಾಟು, ಅದರದೇ ಹೊತ್ತು. ಬೇರೆ ದಡದಲ್ಲಿ ನಿಂತವನಿಗೆ ಸುತ್ತು ದಾರಿಯೇ ಗತಿ. ಆ ಸುತ್ತು ದಾರಿಯಲ್ಲೇ ನಾವು ಎಡವಿದ್ದು. ಫ್ಯಾಟ್32ನಂತೆ ಎಲ್ಲರಿಗೂ ಗೊತ್ತಿರುವ ಕ್ರಮದ ಮೇಲೆ ನಿಂತ ದಾರಿಯೇ ಸೇತುವೆ. ಅಲ್ಲಿ ಕಾರು, ಎತ್ತಿನಗಾಡಿ, ಕಾಲ್ನಡಿಗೆ ಎಂಬ ಭೇದವಿಲ್ಲ.

ಇದು ಆಟಿಕೆಯ ಮಾತು ಮಾತ್ರವಲ್ಲ. ನಮ್ಮ ಕಡೆಯ ಶಾಲೆಗಳಿಗೆ, ಮನೆಗಳಿಗೆ ಗಣಕಗಳು ಬರುವುದು ಆಯ್ಕೆ ಮಾಡಿಕೊಂಡಲ್ಲ. ಯಾರೋ ಕೊಟ್ಟ ಹಳೆಯ ವಿಂಡೋಸ್, ಮೇಷ್ಟ್ರು ಹಾಕಿದ ಲಿನಕ್ಸ್, ಪರದೇಶದಿಂದ ಬಂದವರ ಮ್ಯಾಕ್, ಯಾವುದು ಸಿಕ್ಕಿತೋ ಅದು. ‘ಇಂಥ ಗಣಕವಿದ್ದರೆ ಮಾತ್ರ’ ಎಂದು ಆರಂಭವಾಗುವ ಯಾವ ಪಾಠವೂ ಅರ್ಧ ತರಗತಿಯನ್ನು ಹೊರಗಿಟ್ಟೇ ಆರಂಭವಾಗುತ್ತದೆ. ಕೈಪಿಡಿ ಬರೆಯುವವರು, ತಂತ್ರಾಂಶ ಮಾಡುವವರು ಇಬ್ಬರೂ ಇದನ್ನು ಗಮನಿಸಬೇಕು. ಯಾವ ಗುಂಡಿ ಒತ್ತಬೇಕೆಂಬುದರ ಜೊತೆಗೆ ಒತ್ತಿದರೆ ಏನಾಗುತ್ತದೆ ಎಂಬುದನ್ನೂ ಹೇಳಬೇಕು. ತತ್ತ್ವ ತಿಳಿದಿದ್ದರೆ ಗುಂಡಿ ಬೇರೆಯಾದರೂ ಕೆಲಸ ಸಾಗುತ್ತದೆ. ಮೂರನೆಯ ಸಂಜೆ ನಮ್ಮ ಪೆಟ್ಟಿಗೆ ಎದ್ದುಕೊಂಡದ್ದು ಚಿತ್ರ ನೋಡಿ ಅಲ್ಲ, ಫೆಲ್ ಎಂಬುದು ಎಲ್ಲಿ ಇದೆ ಎಂದು ತಿಳಿದಿದ್ದರಿಂದ.

ಹೊರಡುವ ದಿನ ಹುಡುಗ ತನ್ನ ನೋಟುಪುಸ್ತಕ ತೋರಿಸಿದ. ಪುಟದ ನಡುವೆ ಪೆಟ್ಟಿಗೆಯ ಚಿತ್ರ, ಅದಕ್ಕೆ ಎರಡು ಬಾಗಿಲು. ಒಂದರ ಮೇಲೆ ‘ಅಳಿಸಬಹುದು’, ಇನ್ನೊಂದರ ಮೇಲೆ ‘ಅಳಿಸಲಾಗದು’ ಎಂದು ಅಮ್ಮನಿಂದ ಕೇಳಿ ಕೇಳಿ ಕನ್ನಡದಲ್ಲೇ ಬರೆದುಕೊಂಡಿದ್ದ. ಕೆಳಗೆ ಒಂದು ಸಾಲು: ‘ಬರೆಯುವಾಗ ತಂತಿ ಕೀಳಬಾರದು.’ ನಾವು ಓದಿದ 14 ಹಂತಗಳ ಕೈಪಿಡಿಯಲ್ಲಿ ಇಲ್ಲದ 15ನೆಯ ಹಂತ ಅದು.